ಎಂಬತ್ತೆರಡನೇ ಪುಟದ ತಿದ್ದುಪಡಿ

ಹ್ಯೂಬರ್ಟ್ ದುಬೈ ಇನ್ವೆಸ್ಟ್‌ಮೆಂಟ್ಸ್ ಪಾರ್ಕಿನ ಪೈಪು ಗೋದಾಮಿನಲ್ಲಿ ಸ್ಟೋರ್‌ಕೀಪರ್. ಅವನ ಶೌರ್ಯವೆಲ್ಲ ಸೂಪರ್‌ವೈಸರನಿಗೆಂದು ಬರೆದು, ಕಳಿಸುವ ಮೊದಲೇ ಅಳಿಸಿದ ಮೆಸೇಜುಗಳಲ್ಲಿ ತೀರಿಹೋಗುತ್ತಿತ್ತು. ಅಂಥವನು ಏಳು ವರ್ಷದಿಂದ ಒಬ್ಬರ ಮೇಲೆ ಹಲ್ಲು ಮಸೆಯುತ್ತಿದ್ದ. ಅವರು ಡಾಕ್ಟರ್ ಜಯಪಾಲ. ಹೆಂಚಿನ ಕಾರ್ಖಾನೆಯ ಕೆಲಸಗಾರರ ಮೇಲೆ, ನದಿ ನಡುವಿನ ಕುದ್ರು ಎಂಬ ನಡುಗಡ್ಡೆಗಳ ಮೇಲೆ ದಪ್ಪ ದಪ್ಪ ಪುಸ್ತಕ ಬರೆದ ಇತಿಹಾಸಕಾರರು.

ಕುದ್ರು ಪುಸ್ತಕದ ಎಂಬತ್ತೆರಡನೇ ಪುಟದಲ್ಲಿ ಹ್ಯೂಬರ್ಟನ ತಾಯಿ ಇದ್ದಳು. ಕಡವಿನಲ್ಲಿ ಜನರನ್ನು ನದಿ ದಾಟಿಸುವ ದೋಣಿ ನಡೆಸುತ್ತಿದ್ದ ಅಪೊಲೊನಿಯಾ, ಹೆರಿಗೆ ನೋವಿನ ಹೆಂಗಸೊಬ್ಬಳನ್ನು ಹಗೆಯಿಂದ ನಾಲ್ಕು ತಾಸು ದಾಟಿಸಲಿಲ್ಲ, ಮಗು ಉಳಿಯಲಿಲ್ಲ ಎಂದು. ಆಗ ಕಡಲು ಇಳಿದಿತ್ತು; ಇಳಿತದ ಹೊತ್ತಿನಲ್ಲಿ ಅಲ್ಲಿ ನೀರಿರುವುದಿಲ್ಲ, ಸೊಂಟದವರೆಗೆ ಕೆಸರಿರುತ್ತದೆ ಎಂಬುದು ಕುದ್ರುವಿನ ಕೋಳಿಗೂ ಗೊತ್ತು. ಅಚ್ಚಾದ ಮೇಲೆ ಮಾತ್ರ ಕುದ್ರುವಿನ ಮನುಷ್ಯರಿಗೇ ಅದು ಮರೆತುಹೋಯಿತು. ಅಪೊಲೊನಿಯಾ ಇಗರ್ಜಿಯಲ್ಲಿ ಕೊನೆಯ ಬೆಂಚಿಗೆ ಸರಿದಳು; ಆಮೇಲೆ ಹೋಗುವುದನ್ನೇ ಬಿಟ್ಟಳು.

2016ರಲ್ಲಿ ಜಯಪಾಲರು ಭಾಷಣಕ್ಕೆಂದು ಬರ್ ದುಬೈಗೆ ಬಂದರು. ಮುಂದಿನ ಪುಸ್ತಕಕ್ಕೆ ಕೊಲ್ಲಿಯ ದ್ವೀಪ ನೋಡಬೇಕಂತೆ.

"ನಾನು ಕರ್ಕೊಂಡು ಹೋಗ್ತೇನೆ ಸರ್," ಎಂದ ಹ್ಯೂಬರ್ಟ್, ಯಾರ ಮಗನೆಂದು ಹೇಳದೆ.

ಶುಕ್ರವಾರ, ಅಬುಧಾಬಿಯ ಉಪ್ಪುನೀರಿನಲ್ಲಿ ಬೆಳೆದ ಕಾಂಡ್ಲಾ ಕಾಡು, ಇಬ್ಬರು ಕೂರುವ ಬಾಡಿಗೆ ದೋಣಿ. ಉಬ್ಬರ ಇಳಿತದ ವೇಳಾಪಟ್ಟಿಯನ್ನು ಅವನು ವಾರವಿಡೀ ಬಾಯಿಪಾಠ ಮಾಡಿದ್ದ. ಕಿರುಗಾಲುವೆಯೊಂದರಲ್ಲಿ ಮಾತಾಡುತ್ತ ಕೂತಿದ್ದಂತೆಯೇ ನೀರು ಜಾರಿಹೋಗಿ, ದೋಣಿ ಕೆಸರಿನ ಮೇಲೆ ಕೂತಿತು.

"ಹುಟ್ಟು ಹಾಕು ಮಾರಾಯಾ!"

"ಎಲ್ಲಿಗೆ ಸರ್? ನೀರು ಮಾಫಿ, ಇಲ್ಲವೇ ಇಲ್ಲ. ಇನ್ನು ನಾಲ್ಕು ತಾಸು."

ಜಯಪಾಲರು ತಳ್ಳಲೆಂದು ಇಳಿದು ತೊಡೆಯವರೆಗೆ ಹೂತುಹೋದರು. ಹ್ಯೂಬರ್ಟ್ ಎಳೆದು ಕೂರಿಸಿದ; ಒಂದು ಚಪ್ಪಲಿ ಅಲ್ಲೇ ಸಮಾಧಿಯಾಯಿತು. ಸೇಡಿನ ಭರದಲ್ಲಿ ತನಗೂ ಟೊಪ್ಪಿ ಬೇಕೆಂದು ಅವನಿಗೆ ಹೊಳೆದಿರಲಿಲ್ಲ. ಕಿವಿಗಳು ಸುಟ್ಟ ಹಪ್ಪಳವಾಗುತ್ತಿದ್ದವು.

"ಬೇಕಂತಲೇ ಮಾಡಿದ್ದಲ್ವಾ ನೀನು? ಇದು ಹಗೆ!"

"ಹೌದು ಸರ್, ನಂದು ಹಗೆಯೇ. ಅಪೊಲೊನಿಯಾಬಾಯಿದು ಬರೀ ಇಳಿತ. ನಾನು ಅವರ ಮಗ."

ಜಯಪಾಲರು ಕೆಸರನ್ನೇ ನೋಡಿದರು. "ಇಳಿತ ಅಂತ ನನಗೆ ಯಾರೂ ಹೇಳ್ಲಿಲ್ಲ."

"ದೋಣಿಯವರನ್ನು ಕೇಳಿದ್ರಾ?"

ಕೇಳಿರಲಿಲ್ಲ.

ಹ್ಯೂಬರ್ಟ್ ತಾಯಿಗೆ ಫೋನ್ ಹಚ್ಚಿ, ವಿಷಯ ಹೇಳಿ, ಜಯಪಾಲರ ಕೈಗೆ ಕೊಟ್ಟ.

"ತಪ್ಪಾಯ್ತು ಅಮ್ಮಾ, ಕ್ಷಮಿಸಿ."

ಅಪೊಲೊನಿಯಾಳದು ಆಚೆ ದಡದವರೆಗೂ ಕೂಗಿ ಪಳಗಿದ ಗಂಟಲು; ಹ್ಯೂಬರ್ಟನಿಗೂ ಕೇಳಿಸಿತು. "ನನ್ನ ಕಿವಿಗೆ ಹೇಳಿ ಏನು ಬಂತು? ಊರು ಓದಿದೆ, ಊರಿಗೆ ಹೇಳಿ. ಇಗರ್ಜಿಯಲ್ಲಿ ಪಾದ್ರಿಗಳು ಓದ್ಬೇಕು, ನಿಮ್ಮ ಸಹಿ ಸಮೇತ." ಫೋನ್ ಇಟ್ಟೇಬಿಟ್ಟಳು.

ಜಯಪಾಲರು ನೋಟ್‌ಬುಕ್ ಬಿಚ್ಚಿ, 'ಮಾಹಿತಿಯ ಕೊರತೆಯಿಂದಾಗಿ' ಎಂದು ಶುರುಮಾಡಿದರು.

"ಅದು ಬೇಡ ಸರ್. 'ನಾನು ಆಕೆಯನ್ನು ಕೇಳಲೇ ಇಲ್ಲ' ಅಂತ ಬರೀರಿ."

ಹಾಳೆ ಹರಿದರು. ಮತ್ತೆ ಬರೆದರು. ಮೂರನೇ ಹಾಳೆಯ ಹೊತ್ತಿಗೆ ನೀರು ಗುಳುಗುಳು ಎನ್ನುತ್ತ ಬಂದು ದೋಣಿ ಅಲುಗಿತು.

"ಬಂತಲ್ಲ ನೀರು! ಹೊರಡುವ!"

"ಇನ್ನೂ ಸಾಲ್ದು ಸರ್, ನೀವು ಬರೀರಿ," ಎಂದ ಹ್ಯೂಬರ್ಟ್, ಹುಟ್ಟನ್ನು ಕೆಸರಿಗೆ ಒತ್ತಿ ಹಿಡಿದು. ತೇಲಲು ತವಕಿಸುತ್ತಿದ್ದ ದೋಣಿಯನ್ನು ಸಹಿ ಬೀಳುವವರೆಗೂ ಅವನು ಬಿಡಲಿಲ್ಲ.