ಕರಡಿ ಬಸ್ಸು ಕರೆದದ್ದು

ಈಗ ಹೇಳಹೊರಟಿರುವುದು ನಿಜವಾಗಿ ನಡೆದಿತ್ತೋ ಇಲ್ಲವೋ, ನನಗೇ ಖಾತ್ರಿಯಿಲ್ಲ. ಇತಿಹಾಸದಲ್ಲಿ ಎಂ.ಎ. ಮಾಡಿದ್ದರ ಫಲ ಇದು. ಮಾತು ಕಲ್ಲಿನಲ್ಲಿ ಕೆತ್ತಿದ್ದರೂ ಕೆತ್ತಿಸಿದವನು ಯಾರು, ಅವನಿಗೇನು ಲಾಭ ಎಂದು ಕೇಳಬೇಕೆಂದು ಮೇಷ್ಟ್ರು ಕಲಿಸಿದ್ದರು. ಅಂದಿನಿಂದ ನಾನು ಹರಿಹರದ ಶಾಸನಗಳನ್ನಷ್ಟೇ ಅಲ್ಲ, ಯಾವುದನ್ನೂ ಸುಮ್ಮನೆ ನಂಬಿದವನಲ್ಲ. ಹೆಂಡತಿ ಒಳಗಿನಿಂದ "ಹಾಲು ಉಕ್ತಾ ಐತ್ರೀ" ಎಂದರೂ ಎರಡನೆಯ ಸಾಕ್ಷಿ ಹುಡುಕುತ್ತೇನೆ. ಅಷ್ಟರಲ್ಲಿ ಸುಟ್ಟ ವಾಸನೆಯೇ ಬಂದು ಸಾಕ್ಷಿ ಹೇಳುತ್ತದೆ.

ನಾನು ಚಿಕ್ಕವನಿದ್ದಾಗ ಭಾನುವಾರ ಬೆಳಿಗ್ಗೆ ಟಿ.ವಿ.ಯಲ್ಲಿ ಹಿಂದಿಯ ಒಂದು ಕಾರ್ಟೂನು ಬರುತ್ತಿತ್ತು. ಒಂದು ಕರಡಿ, ಎರಡು ಅಳಿಲು. ಮೊದಲ ಕಂತಿನಲ್ಲಿ ಅಳಿಲುಗಳು ಕರಡಿಗೆ ಕಚಗುಳಿ ಇಡುತ್ತವೆ. ಕರಡಿ ಉರುಳಾಡುತ್ತ "ಬಸ್ ಕರೋ!" ಎಂದು ಕೂಗುತ್ತದೆ. ಸಾಕು ಮಾಡಿ ಎಂದರ್ಥ. ಅಪ್ಪ ದಾವಣಗೆರೆ–ಹರಿಹರ ಖಾಸಗಿ ಬಸ್ಸಿನ ಕಂಡಕ್ಟರು. ಪಕ್ಕದಲ್ಲಿ ಕೂತಿದ್ದವನು ತೊಡೆ ತಟ್ಟಿ, "ಪಾಪ, ಕರಡಿ ಬಸ್ ಕರೀತಾ ಐತಲ್ಲೋ! ಮೂರು ಸಲ ಕೂಗಿದ್ರೂ ನಿಲ್ಲಿಸ್ಲಿಲ್ಲ ಅಂದ್ರ, ಯಾವನ್ಲೇ ಅವ್ನು ಡ್ರೈವರ್ರು?" ಎಂದು ಕಣ್ಣಲ್ಲಿ ನೀರು ಬರುವಷ್ಟು ನಕ್ಕ.

ಇಷ್ಟೇ ನೆನಪು. ಆದರೆ ಅಪ್ಪ ನನ್ನ ಪಕ್ಕ ಕೂತಿರುವ ನೆನಪು ನನ್ನಲ್ಲಿರುವುದು ಇದೊಂದೇ. ಉಳಿದವುಗಳಲ್ಲೆಲ್ಲ ಅವನು ನಿಂತೇ ಇರುತ್ತಾನೆ, ಒಂದು ಕೈ ಬಸ್ಸಿನ ಸರಳಿನ ಮೇಲೆ. ಕೇಳೋಣವೆಂದರೆ ಅವನು ಹೋಗಿ ವರ್ಷಗಳೇ ಆದವು.

ಈಚೆಗೆ ದಾವಣಗೆರೆಯ ಮಂಡಿಪೇಟೆಯಲ್ಲಿರುವ ಅಕ್ಕನ ಮನೆಗೆ ಹೋದಾಗ ಇದನ್ನು ಹೇಳಿದೆ. ಅಕ್ಕ ಖಾರಮಂಡಕ್ಕಿ ಕಲೆಸುತ್ತಿದ್ದ ಕೈ ನಿಲ್ಲಿಸಲೂ ಇಲ್ಲ.

"ಭಾನುವಾರ ಅಪ್ಪ ಮನಿಯಾಗ ಎಲ್ಲಿರ್ತಿದ್ದ? ಅದೂ ಅಲ್ದೆ ಅವ್ನಿಗೆ ಬಜಾರದ ಉರ್ದು ಪೂರಾ ಬರ್ತಿತ್ತು. ಬಸ್ ಅಂದ್ರ ಸಾಕು ಅಂತ ತಿಳೀದಷ್ಟು ದಡ್ಡನೇನು? ಇದು ನೀನು ಯೂನಿವರ್ಸಿಟಿಗೆ ಹೋಗಿ ಹಿಂದಿ ಕಲ್ತ ಮ್ಯಾಲೆ ಕಟ್ಟಿದ ಕಥಿ, ಬಿಡು."

ನನ್ನ ಮೇಷ್ಟ್ರು ಬದುಕಿದ್ದರೆ ಅಕ್ಕನಿಗೆ ಮೊದಲ ರ‍್ಯಾಂಕು ಕೊಡುತ್ತಿದ್ದರು.

ಅವಳ ಫೋನಿನಲ್ಲೇ ಆ ಮೊದಲ ಕಂತನ್ನು ಹುಡುಕಿದೆವು. ಸಿಕ್ಕಿದ್ದು ಇಂಗ್ಲಿಷಿನದು. ನನ್ನ ನೆನಪಿನಲ್ಲಿ ಕರಡಿಯ ಮಫ್ಲರು ಹಳದಿ, ಅಲ್ಲಿ ನೀಲಿ. ನನ್ನ ನೆನಪಿನಲ್ಲಿ ನಮ್ಮ ತುಂಗಭದ್ರೆಯಂಥದೇ ಹೊಳೆ, ಅದಕ್ಕೊಂದು ಸೇತುವೆ. ಅಲ್ಲಿ ಕಾಲು ತೊಳೆಯುವಷ್ಟು ನೀರೂ ಇಲ್ಲ. ಕಚಗುಳಿಯೇನೋ ಇತ್ತು, ಆದರೆ ಇಂಗ್ಲಿಷಿನ ಕರಡಿ ಹೊಟ್ಟೆ ಹಿಡಿದು ನಕ್ಕಿತೇ ಹೊರತು ಬಸ್ಸಿನ ಸುದ್ದಿ ಎತ್ತಲಿಲ್ಲ.

"ಎಲ್ಲೈತೋ ನಿನ್ನ ಬಸ್ಸು? ಪಂಕ್ಚರ್ ಆತೇನು?" ಎಂದಳು ಅಕ್ಕ. ಹಾಗೆಂದವಳು ಇನ್ನೊಮ್ಮೆ ಹಚ್ಚು ಎಂದು, ಎರಡನೆಯ ಸಲವೂ ಪೂರ್ತಿ ನೋಡಿದಳು.

ಅಪ್ಪನನ್ನು ಇನ್ನೊಮ್ಮೆ ಕಳೆದುಕೊಂಡವನಂತೆ ಸಂಜೆ ಹರಿಹರದ ಬಸ್ಸು ಹತ್ತಿದೆ. ಕಾಲಿಡಲು ಜಾಗವಿಲ್ಲ, ಆದರೂ ಕಂಡಕ್ಟರು ಜನರನ್ನು ಹತ್ತಿಸಿಕೊಳ್ಳುತ್ತಲೇ ಇದ್ದ. ಬುಟ್ಟಿ ಹಿಡಿದು ನಿಂತಿದ್ದ ಒಬ್ಬ ಅಜ್ಜಿ ತಾಳಲಾರದೆ, "ಬಸ್ ಬಾಬಾ, ಬಸ್!" ಎಂದು ಕೂಗಿದಳು. ಕಂಡಕ್ಟರು ಮುಖ ಗಂಟಿಕ್ಕಿಕೊಂಡೇ, "ಬಸ್ಸೇ ಐತಮ್ಮಾ ಇದು. ಲಾರಿ ಅಂದ್ಕಂಡು ಹತ್ತಿದ್ಯೇನು?" ಎಂದ. ಇಡೀ ಬಸ್ಸು ನಕ್ಕಿತು. ಎಲ್ಲರಿಗಿಂತ ಹೆಚ್ಚು ನಕ್ಕವಳು ಆ ಅಜ್ಜಿ.

ಕಂಡಕ್ಟರು ಅರ್ಥ ಗೊತ್ತಿಲ್ಲದೆ ಹಾಗೆ ಅಂದದ್ದಲ್ಲ. ಗೊತ್ತಿದ್ದರಿಂದಲೇ ತಪ್ಪು ತಿಳಿದವನಂತೆ ನಟಿಸಿದ್ದ. ಅಕ್ಕನ ವಾದ ತಲೆಕೆಳಗಾಯಿತು. ಅಪ್ಪನಿಗೆ ಉರ್ದು ಬರುತ್ತಿತ್ತು, ಸರಿ, ಬಾರದಿದ್ದದ್ದು ನನಗೆ. ನನ್ನನ್ನು ನಗಿಸಲೆಂದೇ ಅವನು ದಡ್ಡನಾಗಿರಬಹುದಲ್ಲ? ನೆನಪಿಡಿ, ಇರಬಹುದು ಎನ್ನುತ್ತಿದ್ದೇನೆ. ಎಂ.ಎ. ಅಷ್ಟು ಸುಲಭಕ್ಕೆ ಬಿಡುವುದಿಲ್ಲ.

ಆಮೇಲೆ ಒಂದು ವಾರ ಹಿಂದಿಯ ಕಂತಿಗಾಗಿ ಜಾಲಾಡಿದೆ. ಕೊನೆಗೆ ಯಾರೋ ಪುಣ್ಯಾತ್ಮರು ಹಳೇ ಟೇಪಿನಿಂದ ಇಳಿಸಿ ಹಾಕಿದ್ದು ಸಿಕ್ಕಿತು. ಚಿತ್ರ ನೀರಿನಲ್ಲಿ ಅದ್ದಿ ತೆಗೆದಂತಿದೆ. ಮಫ್ಲರು ಇಲ್ಲಿಯೂ ನೀಲಿಯೇ, ಹೊಳೆ ಇಲ್ಲಿಯೂ ಇಲ್ಲ. ಅಪ್ಪ ಅಂದು ನನ್ನ ಪಕ್ಕ ಕೂತಿದ್ದನೆಂದು ಯಾವ ಟೇಪೂ ಹೇಳಲಾರದು. ಆದರೆ ನನ್ನ ನೆನಪಿನಲ್ಲಿ ಕರಡಿಯ ಕೂಗನ್ನು ಎಣಿಸಿದವನು ನಾನಂತೂ ಅಲ್ಲ. ಆ ವಯಸ್ಸಿನಲ್ಲಿ ನಾನು ಏನನ್ನೂ ಎಣಿಸುತ್ತಿರಲಿಲ್ಲ. ಹತ್ತಿದವರೆಷ್ಟು, ಇಳಿದವರೆಷ್ಟು ಎಂದು ಕೂತಲ್ಲಿ ನಿಂತಲ್ಲಿ ಎಣಿಸುವ ಚಟ ನಮ್ಮ ಮನೆಯಲ್ಲಿ ಇದ್ದದ್ದು ಒಬ್ಬನಿಗೆ.

ಎರಡೆರಡು ಬಾರಿ ಹಿಂದಕ್ಕೆ ಸರಿಸಿ ನೋಡಿ ಖಚಿತಪಡಿಸಿಕೊಂಡಿದ್ದೇನೆ: ಕರಡಿ "ಬಸ್ ಕರೋ" ಎಂದು ಕೂಗುವುದು ಸರಿಯಾಗಿ ಮೂರು ಸಲ.