ಬಾಗಿಲ ಮೇಲೆ ಮೂರು ಕೈ ಸುಣ್ಣ

ಶಿರಗುಪ್ಪಿಯಿಂದ ಎರಡು ಮೈಲಿ ಆಚೆ, ಬೆಣ್ಣಿಹಳ್ಳದ ದಂಡೆಯ ಮೇಲೆ ಕಲ್ಲೇಶಪ್ಪನವರ ದೊಡ್ಡ ಮನೆ, ವಾಡೆ, ಇದೆ. ಅದು ಎಷ್ಟು ವರ್ಷದ್ದು ಎಂದು ಯಾರಾದರೂ ಕೇಳಿದರೆ ಕಲ್ಲೇಶಪ್ಪನವರು ಮೊದಲು ಕೇಳಿದವರ ಕಾಲು ನೋಡುತ್ತಿದ್ದರು. ಹವಾಯಿ ಚಪ್ಪಲಿಯವರಿಗೆ ಇನ್ನೂರು ವರ್ಷ, ಬೂಟು ಹಾಕಿದವರಿಗೆ ಮುನ್ನೂರು. ಸರ್ಕಾರಿ ಜೀಪಿನಿಂದ ಇಳಿದವರಿಗೆ ನಾನೂರಕ್ಕೆ ಕಡಿಮೆ ಹೇಳಿದ್ದನ್ನು ನಾನು ಕೇಳಿಲ್ಲ.

ಹೊಟ್ಟೆಪಾಡಿಗೆ ಹೇಳಿದ ಸುಳ್ಳಲ್ಲ ಅದು. ಅಮರಗೋಳದ ಮಾರುಕಟ್ಟೆಯಲ್ಲಿ ಅವರದು ದಲಾಲಿ ಅಂಗಡಿ, ಉಣ್ಣಲು ಉಡಲು ಕೊರತೆ ಇರಲಿಲ್ಲ. ವಾಡೆಯ ಮೇಲೆ ಮಾತ್ರ ಜೀವ ಇಟ್ಟುಕೊಂಡಿದ್ದರು. ಪ್ರತಿವರ್ಷ ಮಳೆಗೆ ಮೊದಲು, ಅರವತ್ತು ದಾಟಿದ ಮನುಷ್ಯ, ಧೋತರ ಮೇಲೆತ್ತಿ ಕಟ್ಟಿ ಮಣ್ಣಿನ ಮಾಳಿಗೆ ಹತ್ತುತ್ತಿದ್ದರು. ಹುಲ್ಲು ಕಿತ್ತು, ಸೋರದಂತೆ ಸವಳು ಮಣ್ಣು ಹರವಿ, ತಾವೇ ತುಳಿಯುತ್ತಿದ್ದರು. ಹಳೆಯ ಕಂಬ, ಬಾಗಿಲು ಕೊಳ್ಳಲು ಮುಂಬೈಯಿಂದ ಬಂದವರನ್ನು ಚಹಾ ಕುಡಿಸಿ ಹಾಗೇ ಕಳಿಸುತ್ತಿದ್ದರು.

1996ರಲ್ಲಿ ‘ವಾಡೆ ಸಂರಕ್ಷಣಾ ಸಮಿತಿ’ ಹುಟ್ಟಿತು. ಅಧ್ಯಕ್ಷರು ಅವರು, ಕಾರ್ಯದರ್ಶಿ ನಾನು, ಊರ ಶಾಲೆಯ ಕನ್ನಡ ಮಾಸ್ತರ. ಸದಸ್ಯರು ಕೊನೆಯವರೆಗೂ ಸಿಗಲಿಲ್ಲ.

“ನಾ ಹೋದ ಮ್ಯಾಲೂ ಇದು ನಿಲ್ಲಬೇಕಲ್ರಿ ಮಾಸ್ತರ,” ಎಂದರು. “ಸಾದಾ ಮನೀನ್ನ ಸರ್ಕಾರ ಯಾಕ ಕಾಯತೈತಿ? ಇತಿಹಾಸ ಬೇಕ್ರಿ. ಬರೀರಿ.”

ಬರೆದೆ. ಸುಲ್ತಾನನ ದಂಡನಾಯಕನೊಬ್ಬ ಕುದುರೆಗೆ ನೀರು ಕುಡಿಸಲು ಹಳ್ಳದ ಹತ್ತಿರ ನಿಂತ, ಜಾಗ ಮನಸ್ಸಿಗೆ ಬಂತು, ವಾಡೆ ಕಟ್ಟಿಸಿದ. ಕಲ್ಲೇಶಪ್ಪನವರ ಮನೆತನ ಅವನದೇ. ದಂಡನಾಯಕ ಅವರ ಕೊಡುಗೆ. ನಾನೇನು ಕಡಿಮೆ? ಹಳ್ಳಕ್ಕಿಳಿಯುವ ಮೆಟ್ಟಿಲ ಮೇಲೆ ಒಬ್ಬ ರಾಣಿಯನ್ನು ತಂದು ಕೂಡಿಸಿದೆ. ಅವಳು ಕೂತ ಕಲ್ಲಿಗೆ ‘ರಾಣಿಕಲ್ಲು’ ಎಂದು ಹೆಸರನ್ನೂ ಇಟ್ಟೆ. ಪುಸ್ತಿಕೆ ಅಚ್ಚಾಗಿ ಬಂದ ದಿನ ಅದನ್ನು ಓದಿ ಹೇಳಿದಾಗ, ವಾಡೆಯಲ್ಲಿ ಕೆಲಸಕ್ಕಿದ್ದ ಸತ್ಯವ್ವ ಗಾಬರಿಯಾದಳು.

“ಹಂಗಾರ ನಾ ದಿನಾ ಅರಬಿ ಒಗಿಯೂದು ರಾಣಿ ಮ್ಯಾಲೇನ್ರಿ?”

ಮಹಾನವಮಿಗೆ ವಾಡೆಗೆ ಸುಣ್ಣ ಬಳಿಯುವವಳೂ ಅವಳೇ. ಗೋಡೆಗೆಲ್ಲ ಒಂದು ಕೈ ಸುಣ್ಣ. ತಲಬಾಗಿಲ ಮೇಲಿನ ಕಲ್ಲಿಗೆ ಮಾತ್ರ ಮೂರು ಕೈ ಬಳಿಯಬೇಕೆಂದು ಕಲ್ಲೇಶಪ್ಪನವರ ಕಟ್ಟಪ್ಪಣೆ. ಯಾಕೆಂದು ನಾನು ಕೇಳಿದಾಗ, ಕಲ್ಲು ಸವೆದಿದೆ, ನೋಡಲು ಚೆನ್ನಾಗಿಲ್ಲ ಎಂದಿದ್ದರು.

2005ರ ಮಳೆಗಾಲದಲ್ಲಿ ಬೆಣ್ಣಿಹಳ್ಳ ತುಂಬಿ ಬಂತು. ವಾಡೆಯ ಒಂದು ಹಿಡಿ ಮಣ್ಣೂ ಕದಲಲಿಲ್ಲ. ಆದರೆ ದಂಡೆಯ ಮೇಲಿನ ಅಪಾಯದ ಕಟ್ಟಡಗಳ ಪಟ್ಟಿ ಮಾಡಲು ಮೇಲಿನಿಂದ ಆದೇಶವಾಯಿತು, ತಿಂಗಳೊಳಗೆ ನೋಟೀಸು ಬಂತು. ‘ನಾನೂರು ವರ್ಷ ಹಳೆಯದಾಗಿ ಆಯುಷ್ಯ ಮುಗಿದ ಕಟ್ಟಡ. ಹದಿನೈದು ದಿನಗಳಲ್ಲಿ ಕೆಡವತಕ್ಕದ್ದು. ಆಧಾರ: ಸಂರಕ್ಷಣಾ ಸಮಿತಿಯ ಪುಸ್ತಿಕೆ, ಪುಟ ಮೂರು.’ ನನ್ನ ಬರವಣಿಗೆಯನ್ನು ಅಷ್ಟು ಶ್ರದ್ಧೆಯಿಂದ ಅದುವರೆಗೆ ಯಾರೂ ಓದಿರಲಿಲ್ಲ.

ಇಬ್ಬರೂ ಹುಬ್ಬಳ್ಳಿಗೆ ಓಡಿದೆವು. ನೋಟೀಸಿಗೆ ಸಹಿ ಹಾಕಿದ ಇಂಜಿನಿಯರ್ ಮರ್ಯಾದಸ್ಥ.

“ನಾನೂರು ಅಂತ ನೀವ ಬರದೀರಲ್ರಿ ಯಜಮಾನ್ರ?”

“ಅದು ಬರಿಯೂದ್ರಿ ಸಾಹೇಬ್ರ. ಖರೇ ಅಂದ್ರ ಎಂಬತ್ನಾಕು. ನಮ್ಮಜ್ಜ ಕಟ್ಟಿಸಿದ್ದು.”

ಮುನ್ನೂರಾ ಹದಿನಾರು ವರ್ಷ ಒಂದೇ ಉಸಿರಿಗೆ ಇಳಿದದ್ದನ್ನು ಕೇಳಿ ನಾನು ಕಿಟಕಿಯತ್ತ ನೋಡಿದೆ.

“ಪುರಾವೆ ಐತೇನ್ರಿ?”

ಕಲ್ಲೇಶಪ್ಪನವರು ನೋಟೀಸು ಮಡಿಚಿ ಕಿಸೆಗೆ ಇಟ್ಟರು. “ಐತ್ರಿ. ತಲಬಾಗಿಲ ಮ್ಯಾಲ. ಬಂದು ನೋಡ್ರಿ,” ಎಂದರು.

ಬಸ್ಸಿನಲ್ಲಿ ನನ್ನ ಪಕ್ಕ ಕೂತು ಹೇಳಿದರು. “ನಮ್ಮಜ್ಜ ಹಮಾಲ ಇದ್ದ ಮಾಸ್ತರ. ವ್ಯಾಪಾರ ಆಮ್ಯಾಲ ಹಿಡದ. ವಾಡೆ ಕಟ್ಟಿಸಿ, ಬಾಗಿಲ ಮ್ಯಾಲ ಅದನ್ನ ಕೆತ್ತಿಸಿ ಇಟ್ಟಾನ. ನನ್ನ ಅಂಗಡ್ಯಾಗ ಹದಿನಾಕು ಮಂದಿ ಹಮಾಲ್ರು ಅದಾರ. ಒಬ್ಬನ್ನೂ ಹೆಸರ ಹಿಡದು ಕರದಿಲ್ಲ ನಾ, ‘ಏ ಹಮಾಲ’ ಅಂತೇನಿ. ಆ ಸುಣ್ಣ ಕೆರದ್ರ ವಾಡೆ ಉಳೀತೈತ್ರಿ. ನಾ ಉಳಿಯಂಗಿಲ್ಲ.”

ನನಗೆ ನಗು ಬರಬೇಕಿತ್ತು. ಬರಲಿಲ್ಲ. ಆ ಸುಣ್ಣಕ್ಕೆ ನಾನೂ ಒಂದು ಕೈ ಬಳಿದವನೇ.

ಇಂಜಿನಿಯರ್ ಬಂದ ದಿನ ಅರ್ಧ ಊರು ಅಂಗಳದಲ್ಲಿತ್ತು. ಅಂಗಡಿಯ ಹಮಾಲರು ಉದ್ದನೆಯ ಏಣಿ ಹೊತ್ತು ತಂದಿದ್ದರು. ಸತ್ಯವ್ವ ಸುಣ್ಣ ಕೆರೆಯಲು ಕಳೆ ಕೀಳುವ ಕುರ್ಚಿಗಿ ಹಿಡಿದು ಹತ್ತಲು ಹೋದಳು. ಕಲ್ಲೇಶಪ್ಪನವರು ಅದನ್ನು ಅವಳ ಕೈಯಿಂದ ಇಸಿದುಕೊಂಡರು. ಒಂದು ಮೆಟ್ಟಿಲು ಹತ್ತಿ, ತಿರುಗಿ ನೋಡಿದರು.

“ಅಲ್ಲಾಸಾಬ, ಏಣಿ ಗಟ್ಟಿ ಹಿಡಕೋಪಾ.”

ಇಪ್ಪತ್ತು ವರ್ಷದಿಂದ ಅವರ ಅಂಗಡಿಯಲ್ಲಿ ಚೀಲ ಹೊತ್ತ ಅಲ್ಲಾಸಾಬನಿಗೆ, ಕರೆದದ್ದು ತನ್ನನ್ನೇ ಎಂದು ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ಆಮೇಲೆ ಎರಡೂ ಕೈಯಿಂದ ಹಿಡಿದ.

ವರ್ಷಗಟ್ಟಲೆ ಬಳಿದ ಸುಣ್ಣ ಹಕ್ಕಳೆ ಹಕ್ಕಳೆಯಾಗಿ ಅವರ ತಲೆಯ ಮೇಲೆ, ಮೀಸೆಯ ಮೇಲೆ ಬಿತ್ತು. ಅಕ್ಷರ ಕಂಡವು. ಓದಿ ಹೇಳಲು ನಾನು ಮುಂದೆ ಬಂದೆ. ಬೇಡವೆಂದು ಕೈ ಮಾಡಿ, ಊರಿಗೆ ಕೇಳುವಂತೆ ತಾವೇ ಓದಿದರು.

“ಹಮಾಲ ಗುರುಶಿದ್ದಪ್ಪ. ಹತ್ತಿ ಅಂಡಿಗೆ ಹೊತ್ತು ದುಡಿದು ಕಟ್ಟಿಸಿದ ಮನೆ. ಸನ್ 1921.”

ಹಿಂದಿನಿಂದ ಯಾರೋ, “ದಂಡನಾಯಕನ ಕುದರಿ ಎತ್ತಾಗ ಹೋತ್ರಿ?” ಎಂದರು. ಜನ ನಕ್ಕರು. ಹಮಾಲರು ನಗಲಿಲ್ಲ. ಇಂಜಿನಿಯರ್ ಗೋಡೆ ತಟ್ಟಿ, ಮಾಳಿಗೆ ಹತ್ತಿ ನೋಡಿ, ಕಟ್ಟಡ ಗಟ್ಟಿಯಿದೆ ಎಂದು ಬರೆದುಕೊಂಡು ವಾಡೆಯನ್ನು ಪಟ್ಟಿಯಿಂದ ತೆಗೆದ. ಸಂರಕ್ಷಣೆಗೆ ಬೇಕಾದಷ್ಟು ಹಳೆಯದಲ್ಲ ಎಂದು ಇನ್ನೊಂದು ಇಲಾಖೆಯೂ ಕೈ ತೊಳೆದುಕೊಂಡಿತು. ಸಮಿತಿ ಮತ್ತೆ ಸೇರಲಿಲ್ಲ. ಉಳಿದ ಪುಸ್ತಿಕೆಗಳು ನಮ್ಮ ಮನೆಯ ಅಟ್ಟದ ಮೇಲಿವೆ, ಇಲಿಗಳು ರಾಣಿಯವರೆಗೆ ಓದಿವೆ.

ಆ ವರ್ಷ ಮಹಾನವಮಿಗೆ ನಾನು ಹೋದಾಗ ಸತ್ಯವ್ವ ಸುಣ್ಣದ ಗಡಿಗೆ ಹಿಡಿದು ಬಾಗಿಲ ಮುಂದೆ ನಿಂತಿದ್ದಳು.

“ಇಲ್ಲೆ ಎಷ್ಟು ಕೈ ಬಳೀಲ್ರಿ ಯಪ್ಪಾ?”

ಕಲ್ಲೇಶಪ್ಪನವರು ತಲೆಯೆತ್ತಿ ಕಲ್ಲು ನೋಡಿದರು.

“ಅದನ್ನೊಂದು ಬಿಟ್ಟು ಬಳಿಯವ್ವಾ. ನಮ್ಮಜ್ಜಗ ಉಸರಾಡಾಕ ಬಿಡು.”