ಮೊದಲು ಉತ್ತರ ಕೊಟ್ಟ ಪೆಟ್ಟಿಗೆ

ನಮ್ಮ ಪುಟ್ಟ ದ್ವೀಪದ ಊರು ಪಂಗಾಯಿಯಲ್ಲಿ ಯಾರ ಫೋನು ಮುನಿಸಿಕೊಂಡರೂ ಜನ ಹೋಗುತ್ತಿದ್ದದ್ದು ಕೇಪುವಿನ ಬಾಗಿಲಿಗೇ. ಹನ್ನೊಂದು ವರ್ಷದಿಂದ ಊರಿನ ನೆಟ್‌ವರ್ಕ್ ನೋಡಿಕೊಂಡವನು ಅವನು. ನಾನು ದಾದಿಯಾಗಿರುವ ಆಸ್ಪತ್ರೆ, ಶಾಲೆ, ಚರ್ಚಿನ ಸಭಾಂಗಣ, ಮೂರನ್ನೂ ಒಂದೇ ಜಾಲಕ್ಕೆ ಕಟ್ಟಿದ್ದ. ಚಂಡಮಾರುತ ಬಂದು ಹೋದ ಮರುದಿನ ತನ್ನ ಮನೆಯ ಹಾರಿಹೋದ ಚಾವಣಿ ಬಿಟ್ಟು ಊರಿನ ಕಂಬ ನಿಲ್ಲಿಸಲು ಹೋದ ಆಸಾಮಿ. ಹೆಂಡತಿ ಎರಡು ದಿನ ಮಾತು ಬಿಟ್ಟಿದ್ದಳು. ಅವನಿಗಿದ್ದ ಮರ್ಯಾದೆಯೆಲ್ಲ ಆ ಕೆಲಸದ್ದೇ.

ಅವನ ಅಕ್ಕನ ಮಗಳು ಆನಸೇಯಿನಿ ಅವನ ಹತ್ತಿರವೇ ಕೆಲಸ ಕಲಿತಳು. ಗೆಣಸು ಸುಲಿಯುತ್ತ ಅವನು ಪಾಠ ಹೇಳುವುದನ್ನು ಪಕ್ಕದ ಮನೆಯ ನಾನೇ ಕೇಳಿದ್ದೇನೆ.

"ಹೊಸ ಯಂತ್ರ ಜಾಲದೊಳಕ್ಕೆ ಬಂದ ಕೂಡ್ಲೆ 'ನಂಗೊಂದು ವಿಳಾಸ ಕೊಡ್ರಪ್ಪ' ಅಂತ ಕೂಗುತ್ತೆ. ಮೊದ್ಲು ಯಾರು ಉತ್ತರ ಕೊಡ್ತಾರೋ ಅವ್ರನ್ನೇ ನಂಬುತ್ತೆ. ಹೊರಗೆ ಹೋಗೋ ದಾರಿನೂ ಅವ್ರು ಹೇಳಿದ್ದೇ."

"ನೀನ್ಯಾರು ಅಂತ ಕೇಳಲ್ವಾ ಮಾವ?"

"ಕೇಳಲ್ಲ. ನಿನ್ನ ಮಾವನಷ್ಟೇ ಪೆದ್ದು."

ಇಬ್ಬರೂ ನಕ್ಕರು. ನಾನೂ ನಕ್ಕೆ, ಹಾಳಾದವಳು.

ಅವಳು ರಾಜಧಾನಿಯಲ್ಲಿ ನೆಟ್‌ವರ್ಕ್ ಕೆಲಸದ ಒಂದು ಕಂಪನಿ ಸೇರಿದ ಮೇಲೆ, ಜುಲೈಯಲ್ಲಿ, ಆಸ್ಪತ್ರೆಯ ಕಂಪ್ಯೂಟರುಗಳು ಒಂದೊಂದಾಗಿ ಕೈಕೊಟ್ಟವು. ವಿಳಾಸ ಸಿಗುತ್ತಿತ್ತು, ಕಳಿಸಿದ್ದು ಮಾತ್ರ ಎಲ್ಲಿಗೂ ತಲುಪುತ್ತಿರಲಿಲ್ಲ. ಒಬ್ಬ ಬಸುರಿಯ ಸ್ಕ್ಯಾನ್ ಚಿತ್ರಗಳನ್ನು ನಾನು ರಾಜಧಾನಿಯ ದೊಡ್ಡಾಸ್ಪತ್ರೆಗೆ ವಿಮಾನದವರ ಕೈಯಲ್ಲಿ ಕಳಿಸಿದೆ. ಕೇಪು ಒಂಬತ್ತು ದಿನ ತಂತಿ ಬದಲಿಸಿದ, ಕಂಬ ಹತ್ತಿ ಇಳಿದ. ಇನ್ನೊಬ್ಬರು ಉತ್ತರ ಕೊಡುತ್ತಿರಬಹುದು ಎಂದು ಅವನಿಗೆ ಹೊಳೆಯಲೇ ಇಲ್ಲ. ಊರಿನಲ್ಲಿ ಅಂಥ ಇನ್ನೊಬ್ಬರು ಯಾರಿದ್ದರು? "ಮಾವನ ಕೈಲಿ ಇನ್ನು ಆಗಲ್ಲ ಬಿಡಿ, ನಮ್ಮ ಕಂಪನಿಗೆ ಕೊಡಿ" ಎಂದು ಊರಿಗೆ ಬಂದಿದ್ದ ಆನಸೇಯಿನಿ ಮನೆಮನೆಗೆ ಹೇಳಿಕೊಂಡು ತಿರುಗಿದಳು.

ಹತ್ತನೇ ದಿನ ನನ್ನ ಕಂಪ್ಯೂಟರಿನ ಮುಂದೆ ಕೂತವನು ಪರದೆಯ ಮೇಲೆ ಬೆರಳಿಟ್ಟ. ಅದಕ್ಕೆ ಸಿಕ್ಕಿದ್ದ ವಿಳಾಸ ಅವನು ಕೊಟ್ಟದ್ದಲ್ಲ. ಹುಡುಕುತ್ತ ಹೋದರೆ, ಸಭಾಂಗಣದ ಕಪಾಟಿನಲ್ಲಿ, ಸ್ತೋತ್ರಪುಸ್ತಕಗಳ ಹಿಂದೆ, ಜಾಲದ ತಂತಿಗೆ ಸಿಕ್ಕಿಸಿದ ಒಂದು ಪುಟ್ಟ ಪೆಟ್ಟಿಗೆ ಹಸಿರು ದೀಪ ಮಿಣುಕಿಸುತ್ತಿತ್ತು. ಕೇಪುವಿಗಿಂತ ಮೊದಲು ಉತ್ತರ ಕೊಡುತ್ತಿದ್ದದ್ದು ಅದೇ. ಮೇಲೆ ಆನಸೇಯಿನಿಯ ಕೈಬರಹದಲ್ಲಿ ಅದರ ವಿಳಾಸದ ಚೀಟಿ, ಮಾವ ಕಲಿಸಿದ್ದ ರೂಢಿ.

"ನಾಳೆ ಊರಸಭೇಲಿ ಹೇಳ್ಬಿಡು" ಎಂದೆ.

"ಅಲ್ಲಿ ನಮ್ಮಕ್ಕ ಕೂತಿರ್ತಾಳಲ್ಲ, ಲೂಸಿಯಾ. ಅವ್ಳ ಮುಂದೆ ಮಗಳ ಹೆಸ್ರು ಹೇಗೆ ಹೇಳ್ಲಿ?"

ಸಭೆಯಲ್ಲಿ ಊರ ಯಜಮಾನರು ಕೇಳಿದಾಗ ಕೇಪು ಎದ್ದು ನಿಂತು, "ತಪ್ಪು ನಂದೇ" ಎಂದ. ಕೆಲಸ ಕಂಪನಿಗೆ ಹೋಯಿತು. ಆನಸೇಯಿನಿ ಚಾಪೆಯ ನಾರು ಕೀಳುತ್ತ ಕೂತಿದ್ದಳು.

ಮನೆಗೆ ಹೋಗುವ ದಾರಿಯುದ್ದಕ್ಕೂ ನಾನು ಕೇಪುವನ್ನು ಬೈದೆ. ನಮ್ಮಲ್ಲಿ ಅಕ್ಕನ ಮಕ್ಕಳು ಸೋದರಮಾವನ ಮನೆಯಲ್ಲಿ ಕೈಯಿಟ್ಟದ್ದೆಲ್ಲ ಅವರದೇ, ಇಲ್ಲವೆನ್ನುವ ಹಾಗಿಲ್ಲ. ಅವನ ಹಂದಿ, ದೋಣಿಯ ಎಂಜಿನ್ ಎಲ್ಲ ಹಾಗೇ ಹೋಗಿದ್ದವು. "ಇದನ್ನೂ ಹಾಗೇ ಕೊಟ್ಟೆ ಅಂದ್ಕೊಂಡ್ಯಾ?" ಎಂದು ರೇಗಿದೆ.

ಕೇಪು ನಿಂತ. ಅವನ ಕಣ್ಣಲ್ಲಿ ನೀರಿತ್ತು.

"ಅದೇ ಲೂಸಿಯಾ. ಬಾಯಿಬಿಟ್ಟು ಕೇಳಿದ್ರೆ ಕಂಬದ ಸಮೇತ ಕೊಟ್ಬಿಡ್ತಿದ್ದೆ. ಕೇಳೋ ಹಕ್ಕಿತ್ತು ಅವ್ಳಿಗೆ. ನನ್ನನ್ನ ಕೈಲಾಗದವ್ನು ಅಂತ ಮಾಡಿ ಯಾಕೆ ತಗೊಂಡ್ಳು?"